ಹೆಡ್ವಿಗ್‌ಳ ಕಡುಬಿಗೆ ಗಿರಾಕಿಗಳು

ಅಡೇಲಿಯಾ ಎಂಬ ಊರಿಗೆ ರೈಲ್ವೆ ಅಧಿಕಾರಿಯೊಬ್ಬನ ಮಗಳ ಹೆಸರಿಟ್ಟಿದ್ದರು. ಆ ಹುಡುಗಿ ಇತ್ತ ತಲೆಹಾಕಲೇ ಇಲ್ಲ. ನಾನು ಲ್ಯಾಟಿನ್ ಕಲಿಸಲು ಬಂದವಳು, ಇಲ್ಲೇ ಉಳಿದೆ.

ಹಳೆಯ ಊರು ಇದ್ದದ್ದು ಹೊಳೆಯ ಪಕ್ಕ. ರೈಲು ಅದನ್ನು ಬಿಟ್ಟು ಉತ್ತರಕ್ಕೆ ಹೋದಾಗ ಜನ ತಮ್ಮ ಮರದ ಮನೆಗಳನ್ನು ದಿಮ್ಮಿಗಳ ಮೇಲೇರಿಸಿ, ಕುದುರೆ ಕಟ್ಟಿ, ಹುಲ್ಲುಗಾವಲಿನ ಮೇಲೆ ಹಳಿಯವರೆಗೂ ಎಳೆದರು. ಹೆಡ್ವಿಗ್ ಓಸ್ಟ್‌ಲುಂಡ್ ಉರುಳುವ ಮನೆಯೊಳಗೆ ಒಲೆ ಆರಿಸದೆ ಎಳೆಯುವವರಿಗೆ ಅಡುಗೆ ಮಾಡಿದಳಂತೆ. ಆ ಮನೆಯನ್ನೇ ಪ್ಲಾಟ್‌ಫಾರ್ಮಿನ ಪಕ್ಕ ನಿಲ್ಲಿಸಿ ಫಲಾಹಾರದ ಅಂಗಡಿ ತೆರೆದಳು. ಇಂಜಿನ್ ನೀರು ಕುಡಿಯುವಷ್ಟರಲ್ಲಿ ಪ್ರಯಾಣಿಕರು ಕಾಫಿ ಕುಡಿದು, ಅವಳ ಸೇಬಿನ ಕಡುಬು ತಿಂದು ಹತ್ತಬೇಕು. ಗಂಡ ಸತ್ತ ಮೇಲೂ ಅವಳ ಬದುಕು ನಡೆದದ್ದು ಅದರಿಂದಲೇ. ಗೋಧಿಯ ಉಗ್ರಾಣ, ಬ್ಯಾಂಕು, ಹೈಸ್ಕೂಲು, ಬ್ಯಾಂಡು, ಎಲ್ಲವೂ ರೈಲಿನ ಬೆನ್ನಿಗೇ ಬಂದವು.

ಆಮೇಲೆ ಜಲ್ಲಿ ರಸ್ತೆ ಬಂತು, ಮನೆಮನೆಗೂ ಕಾರು ಬಂತು. ಕಾರು ಮಾರಿದವನು ಆರ್ವಿಲ್ ಸ್ಟೆಗ್. ಮೇಯರನೂ ಅವನೇ. ಪ್ಯಾಸೆಂಜರ್ ರೈಲನ್ನು ನಿಲ್ಲಿಸುತ್ತೇವೆ, ಆಕ್ಷೇಪವಿದ್ದರೆ ಜಿಲ್ಲಾ ಪಟ್ಟಣಕ್ಕೆ ಬಂದು ಹೇಳಿ ಎಂದು ಕಂಪನಿ ನೋಟಿಸು ಅಂಟಿಸಿತು. ಹೆಡ್ವಿಗ್ ಚರ್ಚಿನಲ್ಲಿ ಎದ್ದು ನಿಂತು, ಎಲ್ಲರೂ ರೈಲಿನಲ್ಲೇ ಹೋಗೋಣ, ನಾವು ಇಳಿಯುವುದನ್ನು ಅವರು ಕಣ್ಣಾರೆ ನೋಡಲಿ ಎಂದಳು. ಎಲ್ಲರೂ ಒಪ್ಪಿ ಚಪ್ಪಾಳೆ ತಟ್ಟಿದರು.

ವಿಚಾರಣೆಯ ದಿನ ಬೆಳಿಗ್ಗೆ ಪ್ಲಾಟ್‌ಫಾರ್ಮಿನಲ್ಲಿ ನಿಂತಿದ್ದವರು ಅವಳು ಮತ್ತು ನಾನು, ಇಬ್ಬರೇ. ಗೂಡ್ಸ್ ಗಾಡಿಗೆ ದಾರಿ ಬಿಡಲು ನಮ್ಮ ರೈಲನ್ನು ನಡುದಾರಿಯಲ್ಲಿ ನಿಲ್ಲಿಸಿಬಿಟ್ಟರು. ನಾವು ತಲುಪುವ ಹೊತ್ತಿಗೆ ವಿಚಾರಣೆ ಮುಗಿದಿತ್ತು. ಕಚೇರಿಯ ಮುಂದೆ ಊರಿನ ಕಾರುಗಳೆಲ್ಲ ಸಾಲಾಗಿ ನಿಂತಿದ್ದವು. ಅಧಿಕಾರಿ ಕೇಳಿದ್ದು ಒಂದೇ ಪ್ರಶ್ನೆಯಂತೆ: ಇವತ್ತು ರೈಲಿನಲ್ಲಿ ಬಂದವರು ಕೈ ಎತ್ತಿ.

ಆರ್ವಿಲ್ ಹ್ಯಾಟು ತೆಗೆದು, "ರೈಲು ತಡ ಆದ್ರೆ ಅಂತ ಭಯ ಆಯ್ತು, ಹೆಡ್ವಿಗ್. ನಿಮ್ಮ ರೈಲು ಉಳಿಸೋಕೇ ಅಲ್ವಾ ನಾವು ಓಡೋಡಿ ಬಂದಿದ್ದು?" ಎಂದ.

"ನನ್ನ ರೈಲು," ಎಂದಳು ಅವಳು.

ಕೊನೆಯ ರೈಲಿನ ದಿನ ಇಡೀ ಊರು ನೆರೆಯಿತು. ವರ್ಷಗಳಿಂದ ರೈಲು ಹತ್ತದವರು ಮುಂದಿನ ಸ್ಟೇಷನ್ನಿಗೆ ಟಿಕೆಟ್ ಕೊಂಡು, ಬ್ಯಾಂಡು ಬಾರಿಸಿ, ಕಿಟಕಿಯಲ್ಲಿ ಕರವಸ್ತ್ರ ಬೀಸಿ, ಫೋಟೊಗೆಂದು ಕಣ್ಣೊರೆಸಿಕೊಂಡರು. ಅವರನ್ನು ಅಲ್ಲಿಂದ ವಾಪಸು ಕರೆತರಲು ಹೆಂಡತಿಯರು ಕಾರು ಚಾಲೂ ಮಾಡಿಕೊಂಡು ಕಾಯುತ್ತಿದ್ದರು. ಸಾವಿನ ಮನೆಯಲ್ಲಿ ಕೊಂದವರೇ ಎದೆ ಬಡಿದುಕೊಂಡಂತಿತ್ತು. ನನಗೆ ಹೇಸಿಗೆಯಾಯಿತು.

ಆರ್ವಿಲ್ ಅಂಗಡಿಯ ಕಿಟಕಿ ತಟ್ಟಿ, ಕಡೆಯ ಸಲ ಎಲ್ಲರಿಗೂ ಕಡುಬು ಕೊಡಿ ಎಂದ. ಕಡುಬುಗಳು ಬಿಸಿಬಿಸಿಯಾಗಿ ಸಾಲಾಗಿ ಆರುತ್ತಿದ್ದವು.

"ಇದು ಪ್ರಯಾಣಿಕರಿಗೆ," ಎಂದಳು ಹೆಡ್ವಿಗ್.

"ಟಿಕೆಟ್ ಇದೆಯಲ್ಲ, ನೋಡಿ."

"ಟಿಕೆಟ್ ಇದೆ. ಕಾರೂ ಇದೆ. ಮನೆಗೆ ಹೋಗಿ ತಿನ್ನು, ಆರ್ವಿಲ್."

ಕಿಟಕಿ ಮುಚ್ಚಿ, ಹಿಂಬಾಗಿಲಿನಿಂದ ಕಡುಬುಗಳನ್ನೆಲ್ಲ ಹೊತ್ತು ಒಂದೂ ಉಳಿಸದೆ ಇಂಜಿನ್ನಿನವರಿಗೆ ಕೊಟ್ಟುಬಂದಳು.

ಬ್ಯಾಂಕು ಮುಚ್ಚಿತು, ನನ್ನ ಶಾಲೆಯೂ ಮುಚ್ಚಿತು. ಆರ್ವಿಲ್ ಹೆದ್ದಾರಿಯ ಪಕ್ಕಕ್ಕೆ ತನ್ನ ಕಾರಿನ ಅಂಗಡಿ ಬದಲಿಸಿ, ಅವಳನ್ನೂ ಕರೆದ: ನಿಮ್ಮ ಮನೆಯನ್ನು ಲಾರಿಯಲ್ಲಿ ಸಾಗಿಸೋಣ, ಮೊದಲೊಮ್ಮೆ ಸಾಗಿಸಿದ್ದೀರಲ್ಲ.

"ಆಗ ನನ್ನ ಜೊತೆ ಊರಿತ್ತು," ಎಂದು ಅವಳು ಒಲೆಯ ಬೂದಿ ಬಳಿದು ಹೊರಗೆ ಚೆಲ್ಲಿದಳು.