ಒಂದು ಬೆರಳು ಇಳಿದ ಭುಜ

ರೈಲು ನಿಲ್ದಾಣದ ಹಿಂದಿನ ಬೀದಿಗೆಲ್ಲ ಟೈಲರ್ ಅಕ್ಕ ಗೊತ್ತು. ಅವಳ ತಮ್ಮ ದೇಶಕ್ಕೆಲ್ಲ ಗೊತ್ತು. ಚುನಾವಣೆ ನಡೆಸಿ ಎಂದು ಕೇಳಿದ್ದಕ್ಕೆ ಜೈಲು ಸೇರಿದವನು. ಬಿಡುಗಡೆಯಾದ ಮೇಲೂ ಕೇಳುವುದನ್ನು ಬಿಡದೆ, ಹೋದ ವರ್ಷ ತೀರಿಕೊಂಡವನು. ಈಗ ಅವನ ಮೇಲೆ ಸಾಕ್ಷ್ಯಚಿತ್ರ ತೆಗೆಯುತ್ತಿದ್ದರು. ಜೈಲಿನಿಂದ ಹೊರಬಂದ ಬೆಳಗಿನದು ಒಂದು ಫೋಟೋ ಕೂಡ ಇಲ್ಲದ್ದರಿಂದ, ಅಷ್ಟನ್ನು ಒಬ್ಬ ನಟನ ಕೈಲಿ ಮಾಡಿಸುವುದೆಂದಾಯಿತು.

"ಅವತ್ತು ಅವರು ತೊಟ್ಟಿದ್ದಂಥ ಬಿಳಿ ಅಂಗಿ ನೀವೇ ಹೊಲಿದುಕೊಡಿ ಅಕ್ಕಾ" ಎಂದಳು ಡೈರೆಕ್ಟರ್ ಹುಡುಗಿ.

"ಹೂಂ" ಎಂದಳು ಅಕ್ಕ. ತಮ್ಮ ಹೋದಾಗಿನಿಂದ ಯಾರು ಏನು ಕೇಳಿದರೂ ಅವಳು ಹೂಂ ಎನ್ನುತ್ತಿದ್ದಳು.

ನಟನ ಅಳತೆ ತೆಗೆದಳು. ದೇವರ ಪಟಕ್ಕೆ ಕೈಮುಗಿದು ಕತ್ತರಿ ಹಿಡಿದಳು. ಹೊಲಿದಾದ ಮೇಲೆ ಅವನು ಅಂಗಿ ತೊಟ್ಟು ಕನ್ನಡಿ ಮುಂದೆ ನಿಂತರೆ, ಎಡಭುಜದ ಮೇಲೆ ಬಟ್ಟೆ ಬಿಗಿದುಕೊಂಡಿತ್ತು.

"ಯಾಕಕ್ಕಾ, ಈ ಒಂದು ಭುಜ ನಿಮಗೆ ಹಿಡಿಸ್ಲಿಲ್ವಾ?"

ಮೂಲೆಯಲ್ಲಿ ಗುಂಡಿಯ ಕಾಜಾ ಹೊಲಿಯುತ್ತಿದ್ದ ಅಕ್ಕನ ಗೆಳತಿ ಕಿಸಕ್ಕನೆ ನಕ್ಕಳು. "ಅಂಗಿ ನೆಟ್ಟಗೇ ಇದೆ ಕಣಪ್ಪಾ, ನೀನೇ ಸೊಟ್ಟಗಿದ್ದೀಯ!"

ಅಕ್ಕ ನಗಲಿಲ್ಲ. ಸೀಮೆಸುಣ್ಣದ ಗೆರೆ ಎಳೆಯುವಾಗ ರೂಢಿಯಂತೆ ಎಡಭುಜವನ್ನು ಒಂದು ಬೆರಳು ಇಳಿಸಿಬಿಟ್ಟಿದ್ದಳು. ಜೈಲಿನ ಏಟಿಗೆ ತಮ್ಮನ ಆ ಭುಜ ಜೋತುಬಿದ್ದಿತ್ತು. ಆ ಕೈ ಮತ್ತೆ ಮೇಲೇಳಲಿಲ್ಲ. ಬಟ್ಟೆ ಸುಕ್ಕುಗಟ್ಟಿ ಎದ್ದು ಕಾಣಬಾರದೆಂದು ಅವನ ಅಂಗಿಗಳನ್ನೆಲ್ಲ ಅವಳು ಹೀಗೇ ಕತ್ತರಿಸುತ್ತಿದ್ದಳು.

"ಸ್ವಲ್ಪ ಆ ಭುಜ ಇಳಿಬಿಡಪ್ಪಾ" ಎಂದಳು.

ಅವನು ಇಳಿಬಿಟ್ಟ. ಅಂಗಿ ಮೈಗೆ ಕೂತಿತು. ಹಿಂದಿನಿಂದ ನೋಡಿದರೆ ತಮ್ಮನೇ.

"ಹೀಗೇ ಇರ್ಲಿ ಕಣಮ್ಮಾ. ಅವನು ಹೀಗೇ ಬಂದಿದ್ದು" ಎಂದಳು ಅಕ್ಕ, ಬಾಗಿಲಲ್ಲಿ ನಿಂತು ನೋಡುತ್ತಿದ್ದ ಡೈರೆಕ್ಟರ್ ಹುಡುಗಿಗೆ. ಈ ಒಂದು ವರ್ಷದಲ್ಲಿ ಅವಳಾಗಿ ಕೇಳಿದ್ದು ಅದೊಂದೇ.

ಡೈರೆಕ್ಟರ್ ಹುಡುಗಿ ಹೇಳಿದಳು. "ಬೇಡಕ್ಕಾ. ಹೆಂಗೆ ಬಗ್ಗಿಸಿದ್ವಿ ನೋಡಿ ಅಂತ ಅವರನ್ನ ಜೈಲಿಗೆ ಹಾಕಿದವರು ಆಡ್ಕೋತಾರೆ. ಎರಡೂ ಕೈ ಮೇಲೆತ್ತಿಕೊಂಡು ಬರ್ಲಿ."

"ಹೂಂ" ಎಂದು ಅಕ್ಕ ಹೊಲಿಗೆ ಬಿಚ್ಚಿ ಭುಜ ನೆಟ್ಟಗೆ ಮಾಡಿಕೊಟ್ಟಳು.

ಚಿತ್ರ ತೋರಿಸಿದ ದಿನ, ಪರದೆಯ ಮೇಲೆ ನಟ ಎರಡೂ ಕೈ ಎತ್ತಿದಾಗ ಜನರೆಲ್ಲ ಎದ್ದು ನಿಂತು ಚಪ್ಪಾಳೆ ತಟ್ಟಿದರು. ಗೆಳತಿ ಕಣ್ಣೊರೆಸಿಕೊಂಡು, "ಥೇಟ್ ನಿನ್ನ ತಮ್ಮನೇ ಕಣೇ!" ಎಂದಳು. ಅಕ್ಕನೂ ಎದ್ದು ನಿಂತಿದ್ದಳು. ಎಲ್ಲರೂ ಕೂತ ಮೇಲೆ ಕೂತಳು.

ಮರುದಿನ ಬೆಳಿಗ್ಗೆ ದೇವರ ಮುಂದೆ ದಿನದಂತೆ ಕಣ್ಣು ಮುಚ್ಚಿ ತಮ್ಮನನ್ನು ನೆನೆದಳು. ಎರಡೂ ಕೈ ಎತ್ತಿದವನು ಬಂದ. ಕಣ್ಣು ತೆರೆದು ಮತ್ತೆ ಮುಚ್ಚಿದಳು. ಮತ್ತೆ ಅವನೇ.

ಎದ್ದು ಅಂಗಡಿಗೆ ಹೋದಳು. ಮಿಕ್ಕಿದ್ದ ಬಿಳಿ ಬಟ್ಟೆಯನ್ನು ಮೇಜಿನ ಮೇಲೆ ಹರಡಿ ಗೆರೆ ಎಳೆದಳು. ಎಡಭುಜ ಒಂದು ಬೆರಳು ಕೆಳಗೆ.

"ಯಾರಿಗೇ ಇದು? ಹಾಕ್ಕೊಳ್ಳೋರು ಯಾರಿದ್ದಾರೆ?" ಎಂದಳು ಗೆಳತಿ.

"ಗೊತ್ತಿಲ್ಲ ಕಣೇ" ಎಂದು ಅಕ್ಕ ಗೆರೆ ಹಿಡಿದು ಕತ್ತರಿ ನಡೆಸಿದಳು.