ಸೀಮಂತದ ವಿಡಿಯೊದಲ್ಲಿ ಊಟವೇ ಇರಲಿಲ್ಲ

ಕುವೈತ್ ಸಿಟಿಯಲ್ಲಿ ನಾನು ಅಕೌಂಟ್ಸ್ ನೋಡಿಕೊಳ್ಳುವ ಜಾಹೀರಾತು ಕಂಪನಿಯ ಛಾಯಾಗ್ರಾಹಕರು ಲಾಟ್ವಿಯಾದವರು. ಕ್ಯಾಮೆರಾಮನ್ ಅಂದರೆ ಮುಖ ಸಿಂಡರಿಸುತ್ತಾರೆ. ತಮ್ಮೂರಿನಲ್ಲಿ ಮೀನುಗಾರರ ದೋಣಿ ಹತ್ತಿ ಸಾಕ್ಷ್ಯಚಿತ್ರ ತೆಗೆದು ಹೆಸರು ಮಾಡಿದವರು, ಆಮೇಲೆ ದೊಡ್ಡ ಸಿನಿಮಾಗಳಿಗೂ ದುಡಿದವರು. ಅಲ್ಲಿ ಕೆಲಸ ಕಡಿಮೆಯಾಗಿ ಇಲ್ಲಿಗೆ ಬಂದು ಅತ್ತರು, ಖರ್ಜೂರ, ಮೀನಾ ಅಬ್ದುಲ್ಲಾ ಎಂಬ ಊರಿನ ತೈಲ ರಿಫೈನರಿ ಅಂತ ತೆಗೆಯುತ್ತಿದ್ದಾರೆ. ರಿಫೈನರಿಯ ಪೈಪಿಗೂ ಮದುಮಗಳಿಗೆ ಹಿಡಿದ ಹಾಗೆ ಲೈಟು ಹಿಡಿಸುತ್ತಾರೆ. “ಅಲ್ಲಿ ಬಿಸಿಲು ಬರಲಿ ಅಂತ ಕಾದೆ, ಇಲ್ಲಿ ಹೋಗಲಿ ಅಂತ ಕಾಯ್ತೀನಿ. ನನ್ನ ವೃತ್ತಿ ಅಂದ್ರೆ ಇಷ್ಟೇ,” ಎನ್ನುತ್ತಾರೆ.

ನನ್ನ ಸೀಮಂತಕ್ಕೆ ಬರಲು ಅಮ್ಮನಿಗೆ ವೀಸಾ ಆಗಲಿಲ್ಲ. ಮೈಸೂರಿನಲ್ಲಿ ಅಣ್ಣನ ಟಿವಿಯಲ್ಲಿ ನೋಡುವುದೊಂದೇ ದಾರಿ. ನನ್ನ ಸಪ್ಪೆ ಮುಖ ನೋಡಿ ಈ ಛಾಯಾಗ್ರಾಹಕರೇ, “ನಾನು ತೆಗೀತೀನಿ,” ಎಂದರು. ಬೇಡ ಅನ್ನಲುಂಟೆ?

ಆಹಾ, ತೆಗೆದರು! ಹಸಿರು ಬಳೆಯ ಕೈ, ಆರತಿಯ ಬೆಳಕು, ನಮ್ಮ ಮಾಸಲು ಪರದೆ ಕೂಡ ಚೆಂದ. ನೋಡಿದ ಅಮ್ಮ ಫೋನ್ ಮಾಡಿದಳು. ಧ್ವನಿ ಸಣ್ಣಗಿತ್ತು.

“ಎಲ್ಲಾ ಚೆನ್ನಾಗಿದೆ ಕಣೇ. ಬಂದೋರಿಗೆ ಊಟ ಹಾಕ್ಲಿಲ್ವಾ?”

ವಿಡಿಯೊ ಮತ್ತೆ ಹಾಕಿ ನೋಡಿದೆ. ಪಂಕ್ತಿ ಇಲ್ಲದ ಸಮಾರಂಭದ ವಿಡಿಯೊ ನಮ್ಮಲ್ಲಿ ಎಲ್ಲಾದರೂ ಉಂಟೆ? ಬಾಯ್ತುಂಬ ಚಿರೋಟಿ ಇಟ್ಟುಕೊಂಡು ನಾಚುವ ನೆಂಟರು ಅದರಲ್ಲಿ ಇರಲೇಬೇಕು. ಈ ಮಹಾಶಯರು ಎಲೆ ಹಾಕಿದ್ದೇ ಕ್ಯಾಮೆರಾ ಮುಚ್ಚಿಬಿಟ್ಟಿದ್ದರು!

“ಉಣ್ಣೋರಿಗೆ ಕ್ಯಾಮೆರಾ ಹಿಡೀಬಾರದು ಅಂತ ನನ್ನ ಗುರು ಹೇಳಿದ್ರು. ಇವತ್ತಿಗೂ ಹಾಗೇ ನಡ್ಕೊಂಡಿದೀನಿ,” ಎಂದರು ಮರುದಿನ ಆಫೀಸಿನಲ್ಲಿ ಕೇಳಿದಾಗ.

“ನಿಮ್ಮ ಗುರುಗಳಿಗೆ ದೊಡ್ಡ ನಮಸ್ಕಾರ. ನಮ್ಮಮ್ಮನಿಗೆ ಬೇಕಿರೋದು ಬಸುರಿ ಮಗಳು ಹೊಟ್ಟೆ ತುಂಬ ಉಂಡಳಾ ಅನ್ನೋದು!” ಎಂದು ರೇಗಿದೆ. ರೇಗುತ್ತಲೇ ಅಳು ಬಂತು. ಅವರು ಪೆಚ್ಚಾದರು.

ಶುಕ್ರವಾರ ಮಧ್ಯಾಹ್ನ ಕ್ಯಾಮೆರಾ ಹೊತ್ತು ಮನೆಗೇ ಬಂದರು. ನಮ್ಮನೆಯವರು ಬಡಿಸಿದರು, ನಾನು ಉಂಡೆ. ಕೋಸಂಬರಿಯಿಂದ ಮೊಸರನ್ನದವರೆಗೆ, ಎಲೆ ಮಡಿಸುವ ತನಕ ಒಂದೇ ಶಾಟ್. ಲೈಟೂ ಇಲ್ಲ, ಎಲ್ಲೂ ಕಟ್ ಇಲ್ಲ. ಅಲ್ಲೇ ಅಣ್ಣನಿಗೆ ಕಳಿಸಿದೆವು.

ಅವರು ಸಾಮಾನು ಕಟ್ಟಿಕೊಳ್ಳುತ್ತಿದ್ದಾಗ ಅಮ್ಮನ ಫೋನು ಬಂತು.

“ಪೂರ್ತಿ ನೋಡಿಲ್ಲ, ಪಾಯಸಕ್ಕೆ ನಿಲ್ಸಿದೀನಿ. ಅದಿರ್ಲಿ, ಇದನ್ನ ತೆಗೆದ ಪುಣ್ಯಾತ್ಮರು ಊಟ ಮಾಡಿದ್ರೇನೇ?”

ಅದನ್ನು ಇಂಗ್ಲಿಷಿನಲ್ಲಿ ಅವರಿಗೆ ಹೇಳಿದೆ. ಕಟ್ಟುತ್ತಿದ್ದ ಸಾಮಾನು ಕೆಳಗಿಟ್ಟರು. “ನನ್ನ ಕೆಲಸ ನೋಡಿದ ಯಾರೂ ಇದನ್ನ ಕೇಳಿರಲಿಲ್ಲ,” ಎಂದು ಹೊಸ ಎಲೆಯ ಮುಂದೆ ಕೂತರು.

ಅವರು ಮೊದಲ ತುತ್ತು ಬಾಯಿಗಿಟ್ಟಾಗ ನಾನು ಅವರತ್ತ ಫೋನಿನ ಕ್ಯಾಮೆರಾ ಹಿಡಿದೆ. ಬೇಡ ಅನ್ನಲಿಲ್ಲ.