ಮದುವೆಯ ರವಿಕೆ ಮತ್ತು ಎರಡನೆಯ ಅಳತೆ

ಮದುವೆ ನಿಶ್ಚಯವಾದ ಮನೆಯಲ್ಲಿ ಛತ್ರ, ಚಿನ್ನ, ಅಡುಗೆ ಇವುಗಳ ವಿಷಯಕ್ಕೇ ಹೆಚ್ಚು ವಾದ ನಡೆಯುತ್ತದೆಂಬುದು ಲೋಕದ ನಂಬಿಕೆ. ನಾನು ಇದನ್ನು ಒಪ್ಪುವುದಿಲ್ಲ. ಛತ್ರ ಒಂದು ದೂರವಾಣಿ ಕರೆಯಲ್ಲಿ ಮುಗಿಯುತ್ತದೆ. ಅಡುಗೆಯವರು ನಾವು ಏನು ಹೇಳಿದರೂ ತಮಗೆ ಬಂದದ್ದನ್ನೇ ಮಾಡುತ್ತಾರೆ. ನಿಜವಾದ ಕದನ ನಡೆಯುವುದು ರವಿಕೆಯ ಮೇಲೆ. ಸೀರೆ ಎಷ್ಟು ಉದ್ದವಿದ್ದರೂ ಯಾರ ತಂಟೆಗೂ ಹೋಗದ ಸಾಧು ಪ್ರಾಣಿ. ಅದರ ಬಾಲದಂತೆ ಬರುವ ತುಂಡು ಬಟ್ಟೆಯಿದೆಯಲ್ಲ, ಅದು ಮನೆಯನ್ನು ಎರಡು ಪಕ್ಷ ಮಾಡಬಲ್ಲದು.

ನಮ್ಮ ಮನೆಯಲ್ಲಿ ಈಚೆಗೆ ನಡೆದ ಈ ಕದನದಲ್ಲಿ ಗೆದ್ದವನು ನಾನೇ. ಗೆದ್ದವನು ತಲೆ ತಗ್ಗಿಸಿಕೊಂಡು ಮನೆಯೊಳಗೆ ಓಡಾಡಬೇಕಾದ ಪ್ರಸಂಗವೂ ಉಂಟೆಂಬುದನ್ನು ಆಮೇಲೆ ಕಲಿತೆ. ಆ ನಾಚಿಕೆ ಇನ್ನೂ ಹಸಿಯಾಗಿರುವಾಗಲೇ ಬರೆದುಬಿಡುವುದು ಒಳ್ಳೆಯದು. ಒಣಗಿದ ಮೇಲೆ ನಾನು ಅದಕ್ಕೂ ಒಂದು ಸಮರ್ಥನೆಯನ್ನು ಹುಡುಕಿಬಿಡುವವನು.

ಬನಶಂಕರಿಯ ನಮ್ಮ ಮನೆಯ ಕೆಳಗಿನ ಅಂತಸ್ತಿನಲ್ಲಿ ನಾನಿದ್ದೇನೆ. ಮೇಲೆ ಮಗಳು ಸುಮಾಳ ಸಂಸಾರ. ಮದುವೆ ಅವಳ ಮಗಳು ಚೈತ್ರಳದು. ಮುಹೂರ್ತಕ್ಕೆ ಕೆಂಪು ಅಂಚಿನ ಧಾರೆ ಸೀರೆ ಬಂದಾಗಿತ್ತು. ಅದಕ್ಕೆ ರವಿಕೆ ಹೊಲಿಸಬೇಕೋ, ಅಂಗಡಿಯಲ್ಲಿ ಸಿದ್ಧವಾಗಿ ತೂಗುಹಾಕಿರುವುದನ್ನು ತರಬೇಕೋ ಎಂಬ ಮಾತು ಒಂದು ಭಾನುವಾರ ದೋಸೆಯ ಮುಂದೆ ಎದ್ದಿತು.

"ರೆಡಿಮೇಡ್ ತಗೊಳ್ತೀನಮ್ಮ, ಈಗ ಸಖತ್ತಾಗಿರೋದು ಬರುತ್ತೆ," ಎಂದಳು ಚೈತ್ರ.

"ಹಾಗೇ ಮಾಡು," ಎಂದಳು ಸುಮಾ, ಅಷ್ಟೇ ಬೇಗ.

ಆ ಅವಸರವನ್ನು ನಾನು ಗಮನಿಸಬೇಕಿತ್ತು. ತನ್ನ ಮದುವೆಯ ರವಿಕೆಗಾಗಿ ಹೊಲಿಗೆಯವರ ಬಾಗಿಲಿಗೆ ಹತ್ತಾರು ಸಲ ಅಲೆದ ಸುಮಾ ಇಷ್ಟು ಸುಲಭವಾಗಿ ಒಪ್ಪಿದಳೆಂದರೆ ಅದರ ಹಿಂದೆ ಏನೋ ಇರಲೇಬೇಕು. ಆದರೆ ನನ್ನ ಕಿವಿಗೆ ಬಿದ್ದದ್ದು 'ರೆಡಿಮೇಡ್' ಎಂಬ ಮಾತು ಮಾತ್ರ. ಅಳಿಯಂದಿರು ಜಾಣರು, ನನ್ನ ಮುಖ ನೋಡಿದವರೇ ತಟ್ಟೆ ಎತ್ತಿಕೊಂಡು ಒಳಗೆ ನಡೆದರು.

ನನ್ನ ವಿದ್ಯೆಯ ಬಗ್ಗೆ ಇಲ್ಲಿ ಎರಡು ಮಾತು ಹೇಳಬೇಕು. ನಾನು ಕಾಲೇಜಿನ ಮೆಟ್ಟಿಲು ಹತ್ತಿದವನಲ್ಲ. ಯಂತ್ರದ ಬಿಡಿಭಾಗಗಳನ್ನು ತಯಾರಿಸುವ ಕಾರ್ಖಾನೆಯೊಂದರಲ್ಲಿ ಅಳತೆಯ ಪರೀಕ್ಷಕನಾಗಿ ನಿವೃತ್ತನಾದೆ. ಉಳಿದದ್ದನ್ನೆಲ್ಲ ಗ್ರಂಥಾಲಯದ ಬೆಂಚಿನ ಮೇಲೆ ಕುಳಿತು ನಾನೇ ಓದಿಕೊಂಡೆ. ಹೀಗೆ ಓದಿದವನಿಗೆ ಒಂದು ಚಾಳಿ ಅಂಟಿಕೊಳ್ಳುತ್ತದೆ: ಯಾರೇ ಏನೇ ಹೇಳಲಿ, 'ಇದನ್ನು ಕಂಡವರು ಯಾರು?' ಎಂದು ಕೇಳುವುದು. ಉದಾಹರಣೆಗೆ, ನಮ್ಮ ಪೂರ್ವಿಕರಿಗೆ ಸೂಜಿಯೇ ತಿಳಿದಿರಲಿಲ್ಲ, ಹೊಲಿದ ಬಟ್ಟೆ ಹೊರಗಿನಿಂದ ಬಂತು ಎಂದು ಮದುವೆಮನೆಗಳಲ್ಲಿ ಧಾರಾಳವಾಗಿ ಹೇಳುವವರಿದ್ದಾರೆ. ಹಾಗಾದರೆ ದರ್ಜಿಗೆ 'ಚಿಪ್ಪಿಗ' ಎಂಬ ಹಳೆಯ ಮಾತು ನಮ್ಮ ಭಾಷೆಯಲ್ಲಿ ಏಕಿದೆ? ಕೆಲಸವೇ ಇಲ್ಲದವನಿಗೆ ಜನ ಹೆಸರಿಡುತ್ತಾರೆಯೆ? ಹಳೇಬೀಡಿನ ಗೋಡೆಯಲ್ಲಿ ತೋಳಿನ ಅಂಗಿ ತೊಟ್ಟಂತೆ ಕಾಣುವ ಆಕೃತಿಗಳನ್ನು ನಾನೇ ಕಣ್ಣಾರೆ ಕಂಡಿದ್ದೇನೆ. ಸಿದ್ಧ ಉಡುಪು ಪರದೇಶದ ಸೋಮಾರಿತನವೆಂಬ ಇನ್ನೊಂದು ಮಾತನ್ನೂ ನಾನು ನಂಬುವುದಿಲ್ಲ. ಸೀರೆಗಿಂತ ಸಿದ್ಧವಾದ ಉಡುಪು ಇನ್ನಾವುದು? ಮಗ್ಗದಿಂದ ಇಳಿಯುವಾಗ ತನ್ನನ್ನು ಉಡುವವಳು ಕುಳ್ಳಿಯೋ ಉದ್ದವೋ, ಮೊಮ್ಮಗಳೋ ಅಜ್ಜಿಯೋ ಎಂದು ಅದು ವಿಚಾರಿಸುವುದೇ ಇಲ್ಲ. ಎಲ್ಲರನ್ನೂ ಒಂದೇ ಸಮನಾಗಿ ಸುತ್ತಿಕೊಳ್ಳುತ್ತದೆ.

ಇಷ್ಟನ್ನು ಅಂದು ಬೆಳಿಗ್ಗೆ ದೋಸೆ ಆರುವವರೆಗೂ ವಿವರಿಸಿದೆ. ಇಷ್ಟು ಹೇಳಿದವನು ಹುಡುಗಿಯ ಪಕ್ಷವನ್ನೇ ವಹಿಸಬೇಕಿತ್ತು ಎಂದು ನಿಮಗೆ ತೋರಬಹುದು. ನಿಮ್ಮ ತರ್ಕ ಸರಿಯಾಗಿದೆ. ಆ ಹೊತ್ತಿನಲ್ಲಿ ನನ್ನದು ಸರಿಯಿರಲಿಲ್ಲ. ಸೀರೆ ಎಲ್ಲರಿಗೂ ಆಗುವುದರಿಂದಲೇ ರವಿಕೆ ಒಬ್ಬಳಿಗೆ ಮಾತ್ರ ಆಗುವಂಥದ್ದಾಗಿರಬೇಕು, ಹೆಣ್ಣನ್ನು ಅಳೆದು ಹೊಲಿಯುವುದೆಂದರೆ ಅವಳನ್ನು ಗೌರವಿಸುವುದು ಎಂದು ತೀರ್ಪು ಕೊಟ್ಟೆ. ಈ ಮಾತನ್ನು ಮಾತ್ರ, ಯಾರು ಕಂಡದ್ದೆಂದು ನಾನು ಯಾರನ್ನೂ ಕೇಳಲಿಲ್ಲ.

ಚೈತ್ರ ರಾಜಿಗೆ ಬಂದಳು. "ಸರಿ ತಾತ, ಹೊಲಿಸೋಣ. ನನ್ ಹತ್ರ ಒಂದು ಹಳೇ ರೆಡಿಮೇಡ್ ಬ್ಲೌಸ್ ಇದೆ. ಅದನ್ನೇ ಅಳತೆ ಬ್ಲೌಸ್ ಅಂತ ಕೊಟ್ಟು ಬಂದ್ಬಿಡ್ತೀನಿ."

ಸರಿಹೊಂದುವ ಹಳೆಯ ರವಿಕೆಯೊಂದನ್ನು ಮಾದರಿಗೆ ಕೊಡುವುದು ನಮ್ಮ ಹೆಂಗಸರೆಲ್ಲರ ವಾಡಿಕೆ. ಎಂಥ ಜಾಣ ವಾಡಿಕೆಯೆಂದು ಈಗ ಅನ್ನಿಸುತ್ತದೆ. ಆಗ ನನ್ನೊಳಗಿನ ಪರೀಕ್ಷಕ ಎದ್ದು ಕುಳಿತ. ನಕಲಿನಿಂದ ನಕಲು ತೆಗೆದರೆ ಹಳೆಯ ದೋಷದ ಮೇಲೆ ಹೊಸ ದೋಷ ಸೇರುತ್ತದೆ. ಅಳೆಯುವುದಾದರೆ ಮೂಲವನ್ನೇ ಅಳೆಯಬೇಕು ಎಂದೆ. ಕೇಳಿದ ಮಾತನ್ನು ನಂಬದವನು ಹಳೆಯ ರವಿಕೆಯ ಮಾತನ್ನು ನಂಬುತ್ತಾನೆಯೆ?

"ಅಪ್ಪ, ಅವಳಿಗೆ ಬೇಡ ಅಂದ್ರೆ ಬಿಟ್ಬಿಡಿ," ಎಂದಳು ಸುಮಾ.

"ಅಮ್ಮ, ಇರ್ಲಿ ಬಿಡು. ತಾತಂಗೋಸ್ಕರ ಹೋಗ್ಬರೋಣ," ಎಂದಳು ಚೈತ್ರ. ಅವಳು ನನ್ನ ಮೇಲಿನ ಪ್ರೀತಿಯಿಂದ ಸೋತಳು. ನಾನು ವಾದದಲ್ಲಿ ಗೆದ್ದೆನೆಂದುಕೊಂಡೆ.

ಜಯನಗರದ ನಾಲ್ಕನೇ ಬ್ಲಾಕಿನ ಅಡ್ಡರಸ್ತೆಯೊಂದರ ಮಹಡಿಯ ಮೇಲೆ ಆ ಹೊಲಿಗೆಯಂಗಡಿ. ಬಾಗಿಲ ಬಳಿಯ ಬೆಂಚಿನ ಮೇಲೆ ಚೀಲ ಹಿಡಿದ ಹೆಂಗಸರು ಸರದಿಗೆ ಕಾಯುತ್ತಿದ್ದರು. ನಾನೂ ಸುಮಾಳೂ ಅವರ ಪಕ್ಕ ಕುಳಿತೆವು. ಅಳತೆ ತೆಗೆಯಲು ಮೂಲೆಯಲ್ಲಿ ಪರದೆ ಕಟ್ಟಿದ ಜಾಗ. ಒಳಗೆ ಅಳೆಯುವಾಕೆ ಒಂದೊಂದೇ ಅಂಕಿಯನ್ನು ಕೂಗಿ ಹೇಳುತ್ತಾಳೆ. ಹೊರಗೆ ಮೇಜಿನ ಬಳಿ ಇನ್ನೊಬ್ಬಾಕೆ ಬರೆದುಕೊಳ್ಳುತ್ತಾಳೆ. ಪರದೆ ಮೈಯನ್ನು ಮುಚ್ಚುತ್ತದೆ, ಅಂಕಿಗಳನ್ನು ಮುಚ್ಚುವುದಿಲ್ಲ. ಎದೆ, ಸೊಂಟ, ತೋಳು ಎಲ್ಲವೂ ಬೆಂಚಿನವರ ಕಿವಿಗೆ ಬೀಳುತ್ತವೆ. ಕಾದಿದ್ದವರೆಲ್ಲರೂ ಗೋಡೆಯ ಮೇಲಿನ ಕುತ್ತಿಗೆ ವಿನ್ಯಾಸಗಳನ್ನು ನೋಡುತ್ತ ಕೇಳಿಸದವರಂತೆ ಕುಳಿತಿರುತ್ತಾರೆ. ಇದು ಆ ಸ್ಥಳದ ಮರ್ಯಾದೆ. ಎಲ್ಲರಿಗೂ ತಿಳಿದದ್ದು, ನನಗೊಬ್ಬನಿಗೆ ತಿಳಿಯದ್ದು.

ಚೈತ್ರ ಒಳಗೆ ಹೋದಳು. ಅಂಕಿಗಳು ಬರತೊಡಗಿದವು. ಅವನ್ನು ಇಲ್ಲಿ ಬರೆದು ಅದೇ ತಪ್ಪನ್ನು ಎರಡನೆಯ ಸಲ ಮಾಡಲಾರೆ. ಬಲಭುಜಕ್ಕೆ ಒಂದು ಅಂಕಿ ಬಂತು, ಎಡಭುಜಕ್ಕೆ ಬೇರೊಂದು. ಎರಡರ ನಡುವೆ ನನ್ನಂಥವನು ಸುಮ್ಮನಿರಲಾರದಷ್ಟು ಅಂತರ.

"ತಪ್ಪಿದೆಯಮ್ಮ ಅದು," ಎಂದು ಕುಳಿತಲ್ಲಿಂದಲೇ ಕೂಗಿದೆ. "ಎರಡು ಭುಜ ಹಾಗೆ ಬೇರೆ ಬೇರೆ ಇರೋದಿಲ್ಲ. ಟೇಪು ಜಾರಿರಬೇಕು. ಎಡಗಡೆ ಇನ್ನೊಂದ್ಸಲ ಅಳೀರಿ!"

ಸುಮಾ ನನ್ನ ಮೊಣಕೈಯನ್ನು ಬಲವಾಗಿ ಹಿಡಿದಳು. ನಾನು ಕೊಡವಿಕೊಂಡೆ.

ಒಳಗಿನಾಕೆ ತಗ್ಗಿದ ಧ್ವನಿಯಲ್ಲಿ ಹೇಳಿದಳು: "ಸರಿಯಾಗೇ ಅಳ್ದಿದೀನಿ ಸಾರ್. ಅವರಿಗೆ ಎಡಗಡೆ ಭುಜ ಇಳ್ದಿದೆ."

"ಇಳಿಯೋದು ಅಂದ್ರೇನು? ಪಟ್ಟಿ ನೇರ ಹಿಡೀರಿ. ಎಲ್ಲಿ, ಎರಡನೆಯ ಅಳತೆ ಹೇಳಿ ನೋಡೋಣ."

ಎರಡನೆಯ ಅಳತೆ ಬಂತು. ಮೊದಲಿನದೇ ಅಂಕಿ. ಬೆಂಚಿನ ಮೇಲಿದ್ದವರು ಗೋಡೆಯ ವಿನ್ಯಾಸಗಳಿಂದ ಕಣ್ಣು ತೆಗೆದು ಪರದೆಯ ಕಡೆ ನೋಡಿದರು. ನನ್ನ ಪಕ್ಕದ ಹಿರಿಯ ಹೆಂಗಸು, ಕೆಟ್ಟ ಮನಸ್ಸಿನಿಂದಲ್ಲ, ತನಗೆ ತಾನೇ ಎಂಬಂತೆ "ಅಯ್ಯೋ ಪಾಪ, ಮದುವೆ ಹುಡುಗಿ" ಎಂದಳು. ಪರದೆ ಅಲುಗಲಿಲ್ಲ. ಆ ಅಲುಗದ ಪರದೆಯ ಹಿಂದೆ ಚೈತ್ರ ಹೇಗೆ ನಿಂತಿದ್ದಳೆಂಬುದನ್ನು ನಾನು ಕಾಣಲಿಲ್ಲ. ಆದರೂ ಈಗ ಕಣ್ಣು ಮುಚ್ಚಿದರೆ ಅದೊಂದೇ ಕಾಣುತ್ತದೆ.

ಅವಳು ಹೊರಬಂದಾಗ ದುಪಟ್ಟಾ ಎಡಭುಜದ ಮೇಲೆ ಮಡಿಕೆಯಾಗಿ ಬಿದ್ದಿತ್ತು. ಆ ದುಪಟ್ಟಾ ಯಾವಾಗಲೂ ಅಲ್ಲಿಯೇ ಇರುತ್ತಿತ್ತು. ಕಾಲೇಜಿಗೆ ಹೋಗುವಾಗ ಚೀಲವೂ ಅದೇ ಭುಜದ ಮೇಲೆ. ಹುಟ್ಟಿದಾಗಿನಿಂದ ಕಣ್ಣೆದುರು ಬೆಳೆದ ಮಗುವಿನಲ್ಲಿ, ಕೂದಲೆಳೆಯ ಅಂತರವನ್ನು ಲೋಹದಲ್ಲಿ ಹಿಡಿಯುತ್ತಿದ್ದ ನಾನು, ಇದನ್ನು ಕಂಡಿರಲಿಲ್ಲ. "ಬಟ್ಟೆ ಆಮೇಲೆ ಕೊಡ್ತೀವಿ" ಎಂದು ಸುಮಾ ಮೇಜಿನವಳಿಗೆ ಹೇಳಿ ಮೆಟ್ಟಿಲಿಳಿದಳು. ಮನೆಗೆ ಆಟೋದಲ್ಲಿ ಹೊರಟೆವು. ಚಾಲಕ ಸುತ್ತುದಾರಿ ಹಿಡಿದ. ಎಂದೂ ಬಿಡದ ನಾನು ಅಂದು ತಕರಾರು ತೆಗೆಯಲಿಲ್ಲ. ದಾರಿ ಇನ್ನೂ ಸುತ್ತಾಗಿದ್ದರೂ ಆಗುತ್ತಿತ್ತು.

ಚೈತ್ರ ಮೇಲೆ ಹೋದ ಮೇಲೆ ಸುಮಾಳನ್ನು ಕೇಳಿದೆ: "ನನಗ್ಯಾಕೆ ಇಷ್ಟು ದಿನ ಹೇಳಿಲ್ಲ?"

"ಹೇಳಿದ್ರೆ ನೀವು ಅಳೀತಿದ್ರಿ ಅಪ್ಪ," ಎಂದಳು.

ಆಮೇಲೆ ಅವಳೇ ಹೇಳಿದಳು. ಸ್ಕೂಲಿನಲ್ಲಿದ್ದಾಗಲೇ ಬೆನ್ನು ಸ್ವಲ್ಪ ಬಾಗಿದೆಯೆಂದು ತಿಳಿದಿತ್ತಂತೆ. ಇದರಿಂದ ತೊಂದರೆಯೇನಿಲ್ಲ, ಏನೂ ಮಾಡಬೇಕಾಗಿಲ್ಲ ಎಂದು ಡಾಕ್ಟರು ಹೇಳಿದ್ದರಂತೆ. ಹುಡುಗನಿಗೆ ಚೈತ್ರಳೇ ಮೊದಲ ಭೇಟಿಯಲ್ಲಿ ಹೇಳಿದ್ದಾಳೆ. ಅವನು ತನ್ನ ಒಂದು ಕಿವಿ ಮಂದವೆಂದು ಹೇಳಿಕೊಂಡಿದ್ದಾನೆ. "ಎಲ್ಲರಿಗೂ ಗೊತ್ತು, ನಿಮ್ಮೊಬ್ಬರಿಗೇ ಇಲ್ಲ. ಮಂಟಪದ ಮೇಲೆ ಎಲ್ಲರೂ ತನ್ನ ಭುಜಾನೇ ನೋಡ್ತಾರೆ ಅನ್ನೋ ಭಯ ಅವಳಿಗೆ ಈಗ್ಲೂ ಇದೆ. ಇವತ್ತು ನೀವು ಅದನ್ನ ಕೂಗಿ ಹೇಳಿದ್ರಿ," ಎಂದಳು.

ನಾಚಿಕೆಯಾದಾಗ ಸಾಮಾನ್ಯ ಮನುಷ್ಯ ಕ್ಷಮೆ ಕೇಳುತ್ತಾನೆ. ನಾನು ಉಪನ್ಯಾಸ ಸಿದ್ಧಪಡಿಸಿದೆ. ಮನುಷ್ಯರಲ್ಲಿ ಯಾರ ಮೈಯೂ ಎರಡು ಕಡೆ ಒಂದೇ ಸಮವಿಲ್ಲ, ನನ್ನ ಎಡಗಾಲಿಗೆ ಆಗುವ ಚಪ್ಪಲಿ ಬಲಗಾಲಿಗೆ ಸಡಿಲ, ದೇವಾಲಯದ ಶಿಲ್ಪಗಳೂ ಒಂದು ಸೊಂಟ ಬಾಗಿಸಿಯೇ ನಿಲ್ಲುತ್ತವೆ ಎಂದೆಲ್ಲ ಮನಸ್ಸಿನಲ್ಲೇ ಅಚ್ಚುಕಟ್ಟಾಗಿ ಜೋಡಿಸಿಕೊಂಡು ಸಂಜೆ ಮೇಲೆ ಹೋದೆ. ಬಾಗಿಲಲ್ಲಿ ಸುಮಾ ನನ್ನ ಮುಖ ನೋಡಿದಳು.

"ಅಪ್ಪ, ಬೇಡ. ಶಿಲ್ಪ ಬೇಡ," ಎಂದಳು. ಮಗಳು ತಂದೆಯನ್ನು ಎಷ್ಟು ಬಲ್ಲಳು!

ಹೀಗಾಗಿ ಚೈತ್ರಳ ಎದುರು ಕುಳಿತಾಗ ನನ್ನ ಬಳಿ ಒಂದೇ ಮಾತು ಉಳಿದಿತ್ತು. "ತಪ್ಪಾಯ್ತಮ್ಮ," ಎಂದೆ.

ಅವಳ ಕಣ್ಣು ಊದಿಕೊಂಡಿತ್ತು. "ತಾತ, ರೆಡಿಮೇಡ್ ಯಾಕೆ ಬೇಕು ಅಂದೆ ಗೊತ್ತಾ? ಅದು ಸರಿಯಾಗಿ ಕೂರ್ಲಿಲ್ಲ ಅಂದ್ರೆ ಬಟ್ಟೇದು ತಪ್ಪು. ಯಾರಿಗೋ ಹೊಲ್ದಿದ್ದು, ಅದಕ್ಕೇನ್ ಗೊತ್ತು ನಾನ್ಯಾರು ಅಂತ. ನನ್ನೇ ಅಳ್ದು ಹೊಲ್ದಿದ್ದೂ ಕೂರ್ಲಿಲ್ಲ ಅಂದ್ರೆ, ಆಗ ನಂದೇ ತಪ್ಪು ಆಗುತ್ತಲ್ಲ."

ಗ್ರಂಥಾಲಯದ ಬೆಂಚಿನ ಮೇಲೆ ಇಷ್ಟು ಕಾಲ ಕಳೆದ ನನಗೆ ಈ ವಿಚಾರ ಎಲ್ಲಿಯೂ ಸಿಕ್ಕಿರಲಿಲ್ಲ. ಅಳೆಯುವುದೆಲ್ಲ ಗೌರವವೆಂದು ನಾನು ನಂಬಿದ್ದೆ. ಅಳೆಯದೆ ಬಿಡುವುದರಲ್ಲಿಯೂ ಒಂದು ಗೌರವವಿರಬಹುದೆಂದು ನನಗೆ ಹೊಳೆದಿರಲಿಲ್ಲ. ಅಂಗಡಿಯಲ್ಲಿ ತೂಗುವ ರವಿಕೆಗೆ ನಮ್ಮ ಗುಟ್ಟು ಗೊತ್ತಿಲ್ಲ, ಗೊತ್ತುಮಾಡಿಕೊಳ್ಳುವ ಹಂಬಲವೂ ಇಲ್ಲ. ಅಷ್ಟು ಸಭ್ಯತೆ ನನ್ನಲ್ಲಿರಲಿಲ್ಲ.

ಮುಂದಿನ ಶನಿವಾರ ಸಿದ್ಧ ರವಿಕೆಗಳ ಅಂಗಡಿಗೆ ಹೊರಟಾಗ ಚೈತ್ರ ಕೆಳಗಿಳಿದು ಬಂದು, "ತಾತ, ನೀವೂ ಬನ್ನಿ. ಆದ್ರೆ ಬಾಯಿ ಬಿಡೋ ಹಾಗಿಲ್ಲ," ಎಂದಳು. ಕರೆದದ್ದೇ ಹೆಚ್ಚೆಂದು ಹೋದೆ. ಅಂಗಡಿಯ ಪ್ಲಾಸ್ಟಿಕ್ ಕುರ್ಚಿಯ ಮೇಲೆ, ತಾಯಿ ಮಗಳಿಬ್ಬರ ಕೈಚೀಲಗಳನ್ನು ಮಡಿಲಲ್ಲಿಟ್ಟುಕೊಂಡು ಕುಳಿತೆ. ಒಂದು ರವಿಕೆ ಬಿಗಿಯಾಯಿತು, ಇನ್ನೊಂದರ ಕುತ್ತಿಗೆ ಅವಳಿಗೆ ಹಿಡಿಸಲಿಲ್ಲ, ಮತ್ತೊಂದರ ಬಣ್ಣವನ್ನು ಸುಮಾ ಒಪ್ಪಲಿಲ್ಲ. ಬಣ್ಣ ಚೆನ್ನಾಗಿಯೇ ಇತ್ತು. ನಾನು ಬಾಯಿ ಬಿಡಲಿಲ್ಲ.

ಕೊನೆಗೆ ಕುಂಕುಮದ ಬಣ್ಣದ್ದೊಂದನ್ನು ತೊಟ್ಟು ಹೊರಬಂದಳು. ದುಪಟ್ಟಾ ಒಳಗೇ ಉಳಿದಿತ್ತು.

"ಹೇಗಿದೆ ತಾತ?"

ನಾನು ಸುಮಾಳ ಕಡೆ ನೋಡಿದೆ. ಅಪ್ಪಣೆ ಸಿಕ್ಕಿತು. "ನಿನಗೆ ಹೇಗನ್ನಿಸ್ತಿದೆಯಮ್ಮ?" ಎಂದೆ. ಉತ್ತರವನ್ನು ಮೊದಲೇ ಕೈಯಲ್ಲಿಟ್ಟುಕೊಳ್ಳದೆ ಪ್ರಶ್ನೆ ಕೇಳಿದ ಅನುಭವ ನನಗೆ ಹೊಸದು.

ಅವಳು ಕನ್ನಡಿಗೆ ಬೆನ್ನು ಮಾಡಿ ನಿಂತು, ಎದುರಿಗೆ ಮದುಮಗ ನಿಂತಿದ್ದಾನೋ ಎಂಬಂತೆ, ಇಲ್ಲದ ಹಾರವನ್ನು ಹಿಡಿದು ಎರಡು ಕೈಗಳನ್ನೂ ಮೇಲೆತ್ತಿದಳು. "ನೋಡಿ, ಎಲ್ಲೂ ಹಿಡಿಯಲ್ಲ. ಅವನೇನಾದ್ರೂ ತಲೆ ಬಗ್ಗಿಸ್ದೆ ಆಟ ಆಡ್ಸಿದ್ರೂ ಹಾಕ್ಬಿಡ್ತೀನಿ!" ಎಂದು ಜೋರಾಗಿ ನಕ್ಕಳು. ಅಂಗಡಿಯವರೆಲ್ಲ ತಿರುಗಿ ನೋಡಿದರು. ಅವಳು ಕೈ ಇಳಿಸಲಿಲ್ಲ.

ಆ ಎರಡು ಕೈಗಳೂ ಒಂದೇ ಎತ್ತರಕ್ಕೆ ಏರಿದ್ದವೆ ಎಂದು ನೀವು ಕೇಳಬಹುದು. ನನಗೆ ಗೊತ್ತಿಲ್ಲ. ನಾನು ಅವಳ ಮುಖವನ್ನು ನೋಡುತ್ತಿದ್ದೆ.